ಎಡಪೆಡಲಿನ ತಿರುಪು ಎಡಕ್ಕೆ: ಗಿಯರ್ ಸೈಕಲ್ಲಿನ ಪಾಲನೆ

ರಾಜ್ಯ ಸರ್ಕಾರವು 2006–07ರಲ್ಲಿ ಎಂಟನೇ ತರಗತಿಯ ಮಕ್ಕಳಿಗೆ ಉಚಿತವಾಗಿ ಕೊಡಲಾರಂಭಿಸಿದ ಸೈಕಲ್ಲುಗಳಿಗೆ ಗಿಯರ್ ಇರಲಿಲ್ಲವಾದ್ದರಿಂದ, ಆಳಂದ, ಅಫಜಲಪುರ, ಜೇವರ್ಗಿ ತಾಲ್ಲೂಕುಗಳ ಹಳ್ಳಿಗಳಲ್ಲಿ ಅಂಥ ಸೈಕಲ್ ತುಳಿದು ಬೆಳೆದವರು ಮುಂದೆ ಕಡಗಂಚಿಯ ಕೇಂದ್ರೀಯ ವಿಶ್ವವಿದ್ಯಾಲಯಕ್ಕೋ ಕಲಬುರಗಿಗೋ ಬಂದು ಗಿಯರ್ ಸೈಕಲ್ ಕೊಂಡಾಗ ಅದನ್ನೂ ಹಳೆಯದರಂತೆಯೇ ನಡೆಸಿಕೊಳ್ಳುತ್ತಾರೆ. ಇದರಿಂದ ಮೊದಲು ಕೆಡುವುದು ಪೆಡಲು, ಆಮೇಲೆ ಚೈನು.

ಪೆಡಲಿನ ಅಚ್ಚು ಕ್ರ್ಯಾಂಕ್ ಎಂಬ ತೋಳಿನ ತುದಿಯ ರಂಧ್ರದೊಳಗೆ ತಿರುಪಿನಿಂದ ಕೂರುತ್ತದೆ. ಬಲಪೆಡಲಿನ ತಿರುಪು ಎಲ್ಲ ಬೋಲ್ಟುಗಳಂತೆ ಬಲಕ್ಕೆ ತಿರುಗಿಸಿದರೆ ಬಿಗಿಯಾಗುತ್ತದೆ. ಎಡಪೆಡಲಿನದು ಎಡಕ್ಕೆ ತಿರುಗಿಸಿದರೆ ಬಿಗಿಯಾಗುತ್ತದೆ. ಇದು ತಯಾರಕರ ಚಪಲವಲ್ಲ. ತುಳಿಯುವವನ ಭಾರ ಸದಾ ಕೆಳಮುಖವಾಗಿದ್ದು ಕ್ರ್ಯಾಂಕ್ ಮಾತ್ರ ಸುತ್ತುವುದರಿಂದ, ಆ ಭಾರವು ರಂಧ್ರದ ಗೋಡೆಯ ಮೇಲೆ ಪ್ರತಿ ಸುತ್ತಿನಲ್ಲಿಯೂ ಜಾಗ ಬದಲಿಸುತ್ತಾ ಅಚ್ಚನ್ನು ಕೂದಲೆಳೆಯಷ್ಟು ಹೊರಳಿಸುತ್ತದೆ. ಹಾಗೆ ಹೊರಳಿದಾಗ ಅಚ್ಚು ಸಡಿಲವಾಗದೆ ಬಿಗಿಯಾಗಲೆಂದೇ ಎಡಬದಿಯ ತಿರುಪನ್ನು ವಿರುದ್ಧ ದಿಕ್ಕಿಗೆ ಕೊರೆಯಲಾಗಿದೆ. ಇದನ್ನರಿಯದವರು ಎಡಪೆಡಲನ್ನು ಬಲಕ್ಕೆ ತಿರುಗಿಸಿ, ಅದು ಕೂರದಿದ್ದಾಗ ಪಾನಾ ಹಾಕಿ ಒತ್ತಿ, ಕೊನೆಗೆ ಸುತ್ತಿಗೆಯನ್ನೂ ಹಿಡಿಯುತ್ತಾರೆ. ಅಚ್ಚು ಉಕ್ಕಿನದು, ಗಿಯರ್ ಸೈಕಲ್ಲುಗಳ ಕ್ರ್ಯಾಂಕ್ ಬಹುಮಟ್ಟಿಗೆ ಅಲ್ಯುಮಿನಿಯಮ್ಮಿನದು. ಆದ್ದರಿಂದ ಸವೆಯುವುದು ಕ್ರ್ಯಾಂಕಿನ ಗೆರೆಗಳೇ, ಮತ್ತು ಒಂದು ಪೆಡಲಿನ ತಪ್ಪಿಗೆ ಇಡೀ ಕ್ರ್ಯಾಂಕ್ ಬದಲಿಸಬೇಕಾಗುತ್ತದೆ.

ಸರಿಯಾದ ಕ್ರಮ ಹೀಗಿದೆ. ಅಚ್ಚಿನ ತುದಿಯಲ್ಲಿ ಕೆತ್ತಿರುವ ಅಕ್ಷರವನ್ನು ನೋಡಬೇಕು. ಎಲ್ ಎಡಕ್ಕೆ, ಆರ್ ಬಲಕ್ಕೆ. ರಂಧ್ರವನ್ನು ಬಟ್ಟೆಯಿಂದ ಒರೆಸಿ, ತಿರುಪಿಗೆ ತೆಳುವಾಗಿ ಗ್ರೀಸ್ ಸವರಿ, ಮೊದಲ ಮೂರು ನಾಲ್ಕು ಸುತ್ತುಗಳನ್ನು ಬೆರಳುಗಳಿಂದಲೇ ಹಾಕಬೇಕು. ಬೆರಳಿಗೆ ತಡೆ ಸಿಕ್ಕರೆ ಅಚ್ಚು ಓರೆಯಾಗಿ ಹಿಡಿದಿದೆ ಎಂದೇ ಅರ್ಥ. ಹಿಂದಕ್ಕೆ ತಿರುಗಿಸಿ ತೆಗೆದು ಮತ್ತೆ ಆರಂಭಿಸಬೇಕೇ ಹೊರತು ಬಲ ಹಾಕಬಾರದು. ಪೂರ್ತಿ ಕೂತ ಮೇಲೆ 15 ಮಿಲಿಮೀಟರಿನ ಪಾನಾದಿಂದ ಗಟ್ಟಿಯಾಗಿ ಬಿಗಿಯಬೇಕು. ಪಾನಾದ ಹಿಡಿಯನ್ನು ಮೇಲ್ಮುಖವಾಗಿಟ್ಟು ಮುಂದಿನ ಗಾಲಿಯ ಕಡೆಗೆ ಎಳೆದರೆ ಎರಡೂ ಪೆಡಲುಗಳು ಬಿಗಿಯಾಗುತ್ತವೆ, ಹಿಂದಿನ ಗಾಲಿಯ ಕಡೆಗೆ ಎಳೆದರೆ ಬಿಚ್ಚುತ್ತವೆ; ಇಷ್ಟನ್ನು ನೆನಪಿಟ್ಟರೆ ಎಡ–ಬಲದ ಗೊಂದಲವೇ ಉಳಿಯುವುದಿಲ್ಲ. ತುಳಿಯುವಾಗ ಪ್ರತಿ ಸುತ್ತಿಗೊಮ್ಮೆ ಟಕ್ ಎಂಬ ಸದ್ದು ಕೇಳಿದರೆ ಅಂದೇ ಇಳಿದು ಪೆಡಲಿನ ಬಿಗಿತವನ್ನು ಪರೀಕ್ಷಿಸಬೇಕು, ಏಕೆಂದರೆ ಸಡಿಲ ಪೆಡಲಿನಲ್ಲಿ ತುಳಿದ ಪ್ರತಿ ಕಿಲೋಮೀಟರೂ ರಂಧ್ರವನ್ನು ಹಿಗ್ಗಿಸುತ್ತದೆ.

ಗಿಯರ್ ಎಂದರೆ ಮುಂದಿನ ಮತ್ತು ಹಿಂದಿನ ಹಲ್ಲುಗಾಲಿಗಳ ಹಲ್ಲುಗಳ ಪ್ರಮಾಣ. 21 ಗಿಯರಿನ ಸೈಕಲ್ಲಿನಲ್ಲಿ ಮುಂದೆ ಮೂರು, ಹಿಂದೆ ಏಳು ಹಲ್ಲುಗಾಲಿಗಳಿರುತ್ತವೆ. ಮುಂದೆ 42, ಹಿಂದೆ 14 ಹಲ್ಲುಗಳಿದ್ದಾಗ ಪೆಡಲಿನ ಒಂದು ಸುತ್ತಿಗೆ ಹಿಂದಿನ ಗಾಲಿ ಮೂರು ಸುತ್ತು ತಿರುಗಿದರೆ, ಮುಂದೆ 24, ಹಿಂದೆ 28 ಇದ್ದಾಗ ಒಂದು ಸುತ್ತನ್ನೂ ಪೂರ್ತಿ ತಿರುಗುವುದಿಲ್ಲ, ಆದರೆ ತುಳಿತ ಅಷ್ಟೇ ಹಗುರಾಗುತ್ತದೆ. ಈ ಸೀಮೆಯಲ್ಲಿ ದೊಡ್ಡ ಘಟ್ಟಗಳಿಲ್ಲವೆಂದು ಗಿಯರನ್ನು ಮುಟ್ಟದೆಯೇ ತುಳಿಯುವವರು ಆಷಾಢದ ಎದುರುಗಾಳಿಯನ್ನು ಮರೆಯುತ್ತಾರೆ. ಬಯಲಿನಲ್ಲಿ ಗಾಳಿಯೇ ಏರು, ಅದಕ್ಕೂ ಹಗುರ ಗಿಯರ್ ಬೇಕು. ಗಿಯರನ್ನು ಪೆಡಲು ತಿರುಗುತ್ತಿರುವಾಗ, ಕಾಲಿನ ಒತ್ತಡ ತಗ್ಗಿಸಿ, ಏರು ಆರಂಭವಾಗುವ ಮೊದಲೇ ಬದಲಿಸಬೇಕು. ಮುಂದಿನ ದೊಡ್ಡ ಹಲ್ಲುಗಾಲಿಯೊಡನೆ ಹಿಂದಿನ ದೊಡ್ಡದನ್ನಾಗಲಿ, ಮುಂದಿನ ಚಿಕ್ಕದರೊಡನೆ ಹಿಂದಿನ ಚಿಕ್ಕದನ್ನಾಗಲಿ ಬಳಸಿದರೆ ಚೈನು ಓರೆಯಾಗಿ ಎಳೆದು ಬೇಗ ಸವೆಯುತ್ತದೆ.

ಚೈನನ್ನು ಒಂದು ಹಲ್ಲುಗಾಲಿಯಿಂದ ಇನ್ನೊಂದಕ್ಕೆ ಸರಿಸುವ ಸಾಧನ ಡಿರೇಲರ್. ಅದರಲ್ಲಿರುವ ಎರಡು ಸಣ್ಣ ಸ್ಕ್ರೂಗಳು ಚೈನು ಎರಡೂ ಕಡೆ ಎಲ್ಲಿಯವರೆಗೆ ಸರಿಯಬಹುದೆಂಬ ಗಡಿಯನ್ನು ಕಾಯುತ್ತವೆ. ಹಿಂದಿನ ಡಿರೇಲರಿನ ಎಲ್ ಅಕ್ಷರದ ಸ್ಕ್ರೂವಿನ (ಇಲ್ಲಿ ಎಲ್ ಎಂದರೆ ಎಡವಲ್ಲ) ಹೊಂದಿಕೆ ಕೆಟ್ಟರೆ ಡಿರೇಲರ್ ಗಾಲಿಯ ಕಡ್ಡಿಗಳೊಳಗೆ ಸಿಕ್ಕಿ ಗಾಲಿಯೇ ಮುರಿಯಬಹುದಾದ್ದರಿಂದ ಹೊಸಬರು ಅವನ್ನು ಮುಟ್ಟಬಾರದು. ಡಿರೇಲರನ್ನು ಎಳೆಯುವ ಹೊಸ ಕೇಬಲ್ ಕೆಲವೇ ದಿನಗಳಲ್ಲಿ ಸಡಿಲವಾಗುವುದು ಸಹಜ. ಚೈನು ಹಿಂದಿನ ದೊಡ್ಡ ಹಲ್ಲುಗಾಲಿಗೆ ಏರಲು ತಡಮಾಡಿದರೆ ಕೇಬಲ್ ಡಿರೇಲರನ್ನು ಸೇರುವಲ್ಲಿರುವ ತಿರುಗುಗುಬ್ಬಿಯನ್ನು ಅರ್ಧ ಸುತ್ತು ಬಿಚ್ಚುವ ದಿಕ್ಕಿಗೆ ತಿರುಗಿಸಿದರೆ ಸಾಕು.

ಮಳೆಗಾಲದ ಎರೆಮಣ್ಣು ಡಿರೇಲರಿಗೆ ಮೆತ್ತಿಕೊಂಡು ಒಣಗಿದರೆ ಕಲ್ಲಾಗುವುದರಿಂದ ಹಸಿಯಿರುವಾಗಲೇ ನೀರೆರೆದು ತೊಳೆಯಬೇಕು, ಆದರೆ ಪಂಪಿನ ರಭಸದ ನೀರನ್ನು ಬೇರಿಂಗುಗಳಿಗೆ ಹಾಯಿಸಬಾರದು. ಚೈನು ಒಣಗಿದ ಮೇಲೆ ಕೊಂಡಿಗೊಂದು ಹನಿ ಎಣ್ಣೆ ಬಿಟ್ಟು ಹೊರಗಿನದನ್ನೆಲ್ಲ ಒರೆಸಬೇಕು. ಬೈಕಿನಿಂದ ತೆಗೆದ ಕಪ್ಪು ಆಯಿಲ್ ಸುರಿಯುವುದು ಧೂಳನ್ನು ಕರೆದು ಕೂರಿಸಿದಂತೆಯೇ ಸರಿ. ಹೊಸ ಚೈನಿನ 24 ಕೊಂಡಿಗಳು ಸರಿಯಾಗಿ 12 ಅಂಗುಲ ಇರುತ್ತವೆ. ಸ್ಕೇಲಿಟ್ಟು ಅಳೆದಾಗ ಅಂಗುಲದ ಹದಿನಾರನೇ ಒಂದು ಭಾಗ ಹೆಚ್ಚಾಗಿದ್ದರೆ ಚೈನು ಬದಲಿಸಬೇಕು, ಎಂಟನೇ ಒಂದು ಭಾಗ ಹೆಚ್ಚಾಗುವವರೆಗೆ ಬಿಟ್ಟರೆ ಹಿಂದಿನ ಹಲ್ಲುಗಾಲಿಗಳನ್ನೂ ಕೊಳ್ಳಬೇಕಾಗುತ್ತದೆ.