ನಗಿಸದಿದ್ದರೂ ನಡೆಯುತ್ತದೆ, ತಮ್ಮಾ

ಹೆಂಡತಿ, ಮಗಳೊಡನೆ ನೀನು ವಡೋದರಾದ ಅಲ್ಕಾಪುರಿಯ ನಮ್ಮ ಮನೆಯಿಂದ ಹೊರಟು ಇವತ್ತಿಗೆ ಹದಿನೈದು ದಿನ. ನೀನು ಮಲಗುತ್ತಿದ್ದ ಕೋಣೆ ಗುಡಿಸುವಾಗ ಮಂಚದ ಸಂದಿಯಲ್ಲಿ ವಾಂತಿ ನಿಲ್ಲುವ ಮಾತ್ರೆಯ ಅರ್ಧ ಪಟ್ಟಿ ಸಿಕ್ಕಿತು. ಕಸಕ್ಕೆ ಹಾಕಿದೆ. ಆರು ಸುತ್ತಿನ ಕೀಮೋ ಮುಗಿದಿದೆ, ಅದು ನಿನಗೆ ಇನ್ನು ಬೇಕಾಗದಿರಲಿ.

ಒಂದು ಮಾತು ಎದುರಿಗೇ ಹೇಳಬೇಕೆಂದಿದ್ದೆ. ಆಗಲಿಲ್ಲ. ಯಾವ ಮಾತು ಎತ್ತಿದರೂ ನೀನು ಅದನ್ನು ನಗೆಯ ಕಡೆಗೆ ತಿರುಗಿಸುತ್ತೀ, ನಾನೂ ನಕ್ಕುಬಿಡುತ್ತೇನೆ, ಹೇಳಬೇಕಾದ್ದು ಅಲ್ಲೇ ಉಳಿಯುತ್ತದೆ. ಅದಕ್ಕೇ ಬರೆಯುತ್ತಿದ್ದೇನೆ. ನಿನ್ನ ಅವ್ವನಿಗಿಂತ ಆರು ವರ್ಷ ದೊಡ್ಡವಳು ನಾನು, ನಿನ್ನನ್ನು ಎತ್ತಿ ಆಡಿಸಿದವಳು. ಆ ಸಲುಗೆಯಿಂದ ಓದಿಕೋ.

ನೀವು ಹೊರಡುವ ಹಿಂದಿನ ರಾತ್ರಿ ಊಟಕ್ಕೆ ಖಿಚಡಿ-ಕಢಿ ಮಾಡಿದ್ದೆ. ನಿನ್ನ ಬಾಯಿಹುಣ್ಣು ಪೂರ್ತಿ ಮಾಯ್ದಿರಲಿಲ್ಲವೆಂದು ಖಾರ ಹಾಕಿರಲಿಲ್ಲ. ಮೇಲಿನ ಮನೆಯ ಗುಜರಾತಿ ದಂಪತಿಯೂ ಬಂದಿದ್ದರು. ನೀನು ಬೋಳಾದ ತಲೆ ಸವರಿಕೊಂಡು ಹಿಂದಿಯಲ್ಲಿ ಶುರುಮಾಡಿದೆ: ಎಣ್ಣೆ ಉಳಿಯಿತು, ಶಾಂಪೂ ಉಳಿಯಿತು, ಕಟಿಂಗ್ ಖರ್ಚು ಉಳಿಯಿತು, ಇನ್ನೊಂದು ವರ್ಷ ಹೀಗೇ ಇದ್ದರೆ ಬೆಂಗಳೂರಿನಲ್ಲಿ ಸೈಟು ಕೊಳ್ಳಬಹುದು. ಎಲ್ಲರೂ ಹೊಟ್ಟೆ ಹಿಡಿದುಕೊಂಡು ನಕ್ಕರು. ನಿನ್ನ ಮಗಳು ಮಾತ್ರ ತಟ್ಟೆ ಬಿಟ್ಟು ಎದ್ದಳು. ನೀನು ನೋಡಲಿಲ್ಲ, ಕೇಳುವವರ ಮುಖ ನೋಡುತ್ತಿದ್ದೆ. ನಾನು ಹಿಂದೆಯೇ ಹೋದೆ. ಬಾಲ್ಕನಿಯ ಕಂಬಿ ಹಿಡಿದು ನಿಂತಿತ್ತು ಮಗು.

‘ದೊಡ್ಡಜ್ಜಿ, ಅಪ್ಪಂಗೆ ಮತ್ತೆ ಜ್ವರ ಬಂದಿದ್ಯಾ?’

‘ಇಲ್ಲವಲ್ಲ ಪುಟ್ಟಾ, ಯಾಕೆ?’

‘ತುಂಬಾ ಜೋಕ್ ಹೇಳ್ತಿದಾರೆ.’

ಒಂಬತ್ತು ವರ್ಷದ ಹುಡುಗಿ. ಏಳು ತಿಂಗಳಲ್ಲಿ ಅವಳು ಕಲಿತುಕೊಂಡ ಲೆಕ್ಕ ಇದು. ಅಪ್ಪ ಸುಮ್ಮನಿದ್ದರೆ ಪರವಾಗಿಲ್ಲ. ಜೋಕು ಹೆಚ್ಚಾದರೆ ರಾತ್ರಿ ಆಟೋ ಬರುತ್ತದೆ, ಅವಳನ್ನು ಪಕ್ಕದ ಮನೆಯಲ್ಲಿ ಮಲಗಿಸಿ ಹೋಗುತ್ತಾರೆ.

ಆಮೇಲೆ ಅಡುಗೆಮನೆಯಲ್ಲಿ ಪಾತ್ರೆ ಒರೆಸುತ್ತಾ ನಿನ್ನ ಹೆಂಡತಿ ಹಾಗೆ ಆಟೋ ಬಂದ ರಾತ್ರಿಯ ಕಥೆ ಹೇಳಿದಳು. ಮೂರನೆಯ ಕೀಮೋ ಆಗಿ ಹತ್ತನೆಯ ದಿನ. ಸಂಜೆಯೇ ಮೈ ಬಿಸಿಯಾಗಿತ್ತು. ಅವಳು ಹಣೆ ಮುಟ್ಟಿ ಕೇಳಿದಾಗ ನೀನು, ‘ಜೋಕು ಬಿಸಿಬಿಸಿ ಇರಲಿ ಅಂತ ಒಲೆ ಹಚ್ಚಿಕೊಂಡಿದೀನಿ’ ಅಂದೆಯಂತೆ. ಅವಳು ನಕ್ಕಳು. ಇಡೀ ದಿನದ ದಣಿವು, ಮಲಗಿದಳು. ನಸುಕಿನ ನಾಲ್ಕಕ್ಕೆ ಮಂಚವೇ ಅಲುಗುವಂತೆ ನಿನಗೆ ನಡುಕ. ಕೀಮೋ ಆದ ಎರಡನೆಯ ವಾರದಲ್ಲಿ ರಕ್ತದ ಬಿಳಿಕಣಗಳು ತೀರ ಇಳಿದಿರುತ್ತವೆ, 100.4 ಡಿಗ್ರಿ ದಾಟಿದರೆ ಬೆಳಗಾಗಲಿ ಎಂದು ಕಾಯಬಾರದು, ಆ ಕ್ಷಣವೇ ಆಸ್ಪತ್ರೆಗೆ ಬರಬೇಕು ಎಂದು ಡಾಕ್ಟರು ಇಬ್ಬರಿಗೂ ಕೂರಿಸಿ ಹೇಳಿದ್ದರು. ನಿನಗೆ ಗೊತ್ತಿತ್ತು. ಆ ಎಂಟು ತಾಸು ನೀನು ಯಾರನ್ನು ಕಾಪಾಡಿದೆ? ಅವಳ ನಿದ್ದೆಯನ್ನು ಕಾಪಾಡಿದೆ ಅಂದುಕೊಂಡಿದ್ದೀ. ಅಂದಿನಿಂದ ಅವಳು ಒಂದು ರಾತ್ರಿಯೂ ನೆಟ್ಟಗೆ ನಿದ್ದೆ ಮಾಡಿಲ್ಲ. ನೀನು ನಗಿಸಿದಾಗೆಲ್ಲ ಎದ್ದು ಥರ್ಮಾಮೀಟರ್ ಹುಡುಕುತ್ತಾಳೆ.

ಇನ್ನು ಮೇಲೆ ಹೀಗೆ ಮಾಡು. ಮೊದಲು ಥರ್ಮಾಮೀಟರಿನ ಅಂಕಿ ಹೇಳು, ಆಮೇಲೆ ಜೋಕು ಹೇಳು. ನೋವಿದ್ದರೆ ಎಲ್ಲಿ, ಎಷ್ಟು ಎಂದು ಮೊದಲು ಹೇಳು. ಮೈಗೆ ಹಗುರಾಗಿರುವ ದಿನ ಮಗಳನ್ನು ಪಕ್ಕಕ್ಕೆ ಕರೆದು, ಇವತ್ತು ಅಪ್ಪನಿಗೆ ಚೆನ್ನಾಗಿದೆ, ಅದಕ್ಕೇ ಈ ತಮಾಷೆ ಎಂದು ಬಾಯಿಬಿಟ್ಟು ಹೇಳು. ಹತ್ತು ಸಲ ಹೇಳಬೇಕಾಗುತ್ತದೆ. ಅವಳು ಕಲಿತ ಲೆಕ್ಕ ಅಷ್ಟು ಬೇಗ ಅಳಿಸುವುದಿಲ್ಲ.

ನಗೆಬರಹ ಬಿಡು ಎಂದು ನಾನು ಹೇಳುತ್ತಿಲ್ಲ. ನಿನ್ನ ಅನ್ನ ಅದು, ನಿನ್ನ ಉಸಿರೂ ಅದೇ. ಆದರೆ ನಿನ್ನ ಹಾದಿಯಲ್ಲಿ ನಡೆದವರನ್ನು ಒಮ್ಮೆ ನೋಡು. ನಮ್ಮ ಬೀಚಿ ಆತ್ಮಕಥೆ ಬರೆದಾಗ ಅದಕ್ಕೆ ‘ನನ್ನ ಭಯಾಗ್ರಫಿ’ ಎಂದು ಹೆಸರಿಟ್ಟರು. ಬಯಾಗ್ರಫಿ ಎಂಬ ಇಂಗ್ಲಿಷ್ ಮಾತಿನೊಳಗೆ ಭಯವನ್ನು ತಂದು ಕೂರಿಸಿದರು. ಇಲ್ಲಿ ಗುಜರಾತಿಯಲ್ಲಿ ರತಿಲಾಲ್ ಬೋರಿಸಾಗರ್ ಎಂಬ ಹಾಸ್ಯಲೇಖಕರಿದ್ದಾರೆ. 1938ರಲ್ಲಿ ಸಾವರಕುಂಡಲಾದಲ್ಲಿ ಹುಟ್ಟಿದವರು, 2019ರಲ್ಲಿ ಅವರಿಗೆ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂತು. ತಮ್ಮ ಹೃದಯದ ಕಾಯಿಲೆಯ ಅನುಭವವನ್ನೇ ಹಾಸ್ಯಕ್ಕೆ ತಂದು ಅವರು ಬರೆದ ಪುಸ್ತಕದ ಹೆಸರು ‘ಎಂಜಾಯ್‌ಗ್ರಫಿ’. ಆಂಜಿಯೋಗ್ರಫಿಯನ್ನು ಹಾಗೆ ತಿರುಗಿಸಿದರು. ಒಬ್ಬರ ಹೆಸರಿನಲ್ಲಿ ಭಯ, ಇನ್ನೊಬ್ಬರದರಲ್ಲಿ ಆನಂದ. ಬೋರಿಸಾಗರರ ದಾರಿ ನಿನಗೆ ಕೈಬಂದಿದೆ. ನಿನ್ನ ಹತ್ತಿರ ಇಲ್ಲದಿರುವುದು ಬೀಚಿಯ ಧೈರ್ಯ, ಭಯ ಎಂಬ ಮಾತನ್ನು ರಟ್ಟಿನ ಮೇಲೇ ಬರೆಯುವ ಧೈರ್ಯ. ಎರಡೂ ಇದ್ದರೆ ನಿನ್ನ ಕಾಯಿಲೆಯ ಪುಸ್ತಕವನ್ನು ನೀನು ಬರೆಯಬಲ್ಲೆ. ಆದರೆ ಅವಸರ ಮಾಡಬೇಡ. ಈಗ ಟಿಪ್ಪಣಿ ಮಾಡಿಟ್ಟುಕೋ. ಪೆಟ್ಟಿಗೆಯಲ್ಲಿಡು. ಹೆಂಡತಿ ಮಗಳು ಬರುವ ಪುಟಗಳನ್ನು ಅವರಿಗೆ ಓದಿಹೇಳಿ, ಅವರು ಹೂಂ ಅಂದ ಮೇಲೆ ಅಚ್ಚಿಗೆ ಕೊಡು. ಹೆಂಡತಿ ಆಸ್ಪತ್ರೆಯ ಕಾರಿಡಾರಿನಲ್ಲಿ ಅತ್ತದ್ದು ಅವಳ ಸ್ವತ್ತು.

ನಿನ್ನ ದೊಡ್ಡಪ್ಪನಿಗೆ ಬೈಪಾಸ್ ಆದಾಗ ನಾನು ಇದೇ ಊರಿನ ಒಂದು ಆಸ್ಪತ್ರೆಯ ಮೆಟ್ಟಿಲ ಮೇಲೆ ಹನ್ನೊಂದು ದಿನ ಕೂತಿದ್ದೆ. ಅವರು ನಿನ್ನ ಹಾಗೆ ಮಾತುಗಾರರಲ್ಲ, ಆದರೆ ಮುಚ್ಚಿಡುವುದರಲ್ಲಿ ಇಬ್ಬರೂ ಒಂದೇ. ‘ಏನಿಲ್ಲ, ಏನಿಲ್ಲ’ ಅನ್ನುತ್ತಿದ್ದರು. ಆ ‘ಏನಿಲ್ಲ’ದ ಹಿಂದೆ ಏನಿದೆಯೋ ಎಂದು ನನ್ನ ಜೀವ ಹಾರುತ್ತಿತ್ತು. ನೋಡಲು ಬಂದವರೆಲ್ಲ ಅವರು ಹೇಗಿದ್ದಾರೆ ಎಂದು ಕೇಳಿದರು. ನೀನು ಊಟ ಮಾಡಿದೆಯಾ ಎಂದು ಕೇಳಿದವಳು ಮೇಲಿನ ಮನೆಯಾಕೆ ಒಬ್ಬಳೇ. ನಾನು ಊರು ಬಿಟ್ಟು ಊರಿಗೆ ಬಂದವಳು. ಇಲ್ಲಿ ಆಗ ನನ್ನ ಕನ್ನಡ ತಿಳಿಯುವವರು ಬೆರಳೆಣಿಕೆ, ನನ್ನ ಭಯವನ್ನು ಹೇಳಿಕೊಳ್ಳಲು ಭಾಷೆಯೇ ಇರಲಿಲ್ಲ. ಎಂಟನೆಯ ದಿನ ರಾತ್ರಿ ಅವರು ಮೊದಲ ಸಲ ‘ನನಗೆ ಅಂಜಿಕೆ ಆಗಾಕತ್ತೈತಿ’ ಅಂದರು. ಮಂಚದ ಕಂಬಿ ಹಿಡಿದು ಇಬ್ಬರೂ ಅತ್ತೆವು. ಆ ರಾತ್ರಿ ನನಗೆ ನಿದ್ದೆ ಬಂತು. ನಿನ್ನ ಹೆಂಡತಿಗೂ ಅಂಥ ಒಂದು ರಾತ್ರಿ ಬೇಕು, ತಮ್ಮಾ. ಅದನ್ನು ನೀನೇ ಕೊಡಬೇಕು.

ನಾನು ಇಲ್ಲಿಗೆ ಬಂದು ಗುಜರಾತಿ ಕಲಿತ ಮೇಲೆ ಮನಸ್ಸಿಗೆ ಹತ್ತಿದ ಕವಿ ಪ್ರೇಮಾನಂದ. 17ನೇ ಶತಮಾನದವನು, ಇದೇ ವಡೋದರಾದವನು. ಮಾಣಭಟ್ಟರ ಪರಂಪರೆ ಅವನದು. ಬೆರಳಿಗೆ ಉಂಗುರ ಹಾಕಿಕೊಂಡು ತಾಮ್ರದ ಕೊಡ ಬಾರಿಸುತ್ತಾ, ನಮ್ಮ ಹರಿಕಥೆಯ ಹಾಗೆ ಆಖ್ಯಾನ ಹೇಳುವುದು. ಭಕ್ತ ನರಸಿಂಹ ಮೆಹತಾನ ಮಗಳು ಕುಂವರಬಾಯಿಯ ಕುಬಸದ ಕಥೆಯನ್ನು ಅವನು ಹೇಳಿದ್ದಾನೆ. ತವರಿನಿಂದ ಉಡುಗೊರೆ ತರಬೇಕು, ಅದಕ್ಕೆ ಮಾಮೇರು ಅನ್ನುತ್ತಾರೆ. ನರಸಿಂಹನ ಹತ್ತಿರ ಕಾಸಿಲ್ಲ. ಮುರುಕು ಗಾಡಿ ಹೂಡಿಕೊಂಡು ತುಳಸಿ, ಗೋಪೀಚಂದನ, ತಾಳ ತುಂಬಿಕೊಂಡು ಬರುತ್ತಾನೆ. ಬೀಗರು ಆಡಿಕೊಳ್ಳುತ್ತಾರೆ, ಬೇಕೆಂದೇ ಕೊಡಲಾಗದಷ್ಟು ಉದ್ದದ ಪಟ್ಟಿ ಬರೆಸುತ್ತಾರೆ. ಜನ ಬಿದ್ದು ಬಿದ್ದು ನಗುವ ಕಥೆ. ಆ ನಗೆಯ ನಟ್ಟನಡುವೆ ಪ್ರೇಮಾನಂದ ಆ ಹುಡುಗಿಯನ್ನು ನಿಲ್ಲಿಸಿ ಅಳಿಸುತ್ತಾನೆ. ತಾಯಿಯಿಲ್ಲದ ಮಗಳು, ಅಪ್ಪನ ಮುಂದೆ ತನ್ನ ಸಂಕಟ ತೋಡಿಕೊಳ್ಳುತ್ತಾಳೆ. ಪ್ರೇಮಾನಂದ ಆ ಅಳುವನ್ನು ಇನ್ನೊಂದು ಹಾಸ್ಯದಿಂದ ಮುಚ್ಚುವುದಿಲ್ಲ, ಪೂರ್ತಿ ಅಳಲು ಬಿಡುತ್ತಾನೆ. ದೇವರು ವ್ಯಾಪಾರಿಯ ವೇಷದಲ್ಲಿ ಬಂದು ಪಟ್ಟಿಯನ್ನೆಲ್ಲ ತುಂಬಿಸುವುದು ಆಮೇಲಿನ ಮಾತು. ಮುನ್ನೂರು ವರ್ಷದ ಮೇಲೂ ಆ ಕಥೆ ನಿಂತಿರುವುದು ಈ ಕಾರಣಕ್ಕೆ ಎಂದು ನನ್ನ ನಂಬಿಕೆ.

ದೇವರ ಮಾತು ಬಂತು. ನಿನಗೂ ನಿನ್ನ ಅವ್ವನಿಗೂ ಇದರಲ್ಲಿ ಜಗಳವಿದೆ, ನನಗೆ ಗೊತ್ತು. ಅವಳು ರಾಯರಿಗೆ ಹರಕೆ ಹೊತ್ತಿದ್ದಾಳೆ, ನೀನು ಮಂತ್ರಾಲಯಕ್ಕೆ ಬಂದು ಹೆಜ್ಜೆ ನಮಸ್ಕಾರ ಹಾಕಬೇಕೆಂದು. ಗುರುವಾರ ನೀನೂ ಒಪ್ಪತ್ತು ಇರಬೇಕು ಅನ್ನುತ್ತಾಳೆ. ಅದನ್ನು ನಾನು ಅವಳ ಹತ್ತಿರ ಮಾತಾಡಿದ್ದೇನೆ. ಉಪವಾಸ ಈಗ ಸರ್ವಥಾ ಬೇಡ, ಹದಿನಾಲ್ಕು ಕೆಜಿ ಇಳಿದ ಮೈಗೆ ಪ್ರತಿ ತುತ್ತೂ ಬೇಕು. ಹರಕೆಗೆ ಅರಿಶಿನದ ಬಟ್ಟೆಯಲ್ಲಿ ಮುಡಿಪು ಕಟ್ಟಿ ದೇವರ ಮುಂದಿಡು. ಕಾಲಿಗೆ ಬಲ ಬಂದ ಮೇಲೆ, ಗುಂಪಿನಲ್ಲಿ ಓಡಾಡಬಹುದೆಂದು ಡಾಕ್ಟರು ಹೇಳಿದ ಮೇಲೆ ಹೋದರಾಯಿತು. ರಾಯರು ಕಾಯುತ್ತಾರೆ. ನಿನ್ನ ಅವ್ವನ ನಂಬಿಕೆಯನ್ನು ಮಾತ್ರ ಸ್ಕಿಟ್‌ಗೆ ಹಾಕಬೇಡ. ಏಳು ತಿಂಗಳು ಅವಳನ್ನು ಎತ್ತಿ ನಿಲ್ಲಿಸಿದ್ದು ಅದೊಂದೇ.

ನಿನ್ನದೇ ನಂಬಿಕೆಯ ಬಗ್ಗೆ ನಾನು ಕಂಡದ್ದು ಒಂದಿದೆ. ಇಎಂಇ ಗುಡಿಗೆ ಹೋಗಿದ್ದೆವಲ್ಲ, 1966ರಲ್ಲಿ ಸೈನ್ಯದವರು ಅಲ್ಯೂಮಿನಿಯಂ ತಗಡು ಹೊದಿಸಿ ಕಟ್ಟಿದ್ದು. ಕಳಶ, ಗುಮ್ಮಟ, ಗೋಪುರ ಎಂದು ಎಲ್ಲ ಧರ್ಮದ ಗುರುತೂ ಅದರಲ್ಲಿದೆ. ಒಳಗಿರುವವನು ದಕ್ಷಿಣಾಮೂರ್ತಿ, ಮಾತಾಡದೆ ಮೌನದಲ್ಲೇ ಪಾಠ ಹೇಳುವ ಶಿವ. ಚಪ್ಪಲಿ ಬಿಡುವಾಗ ನೀನು ಏನೋ ಒಂದು ತಮಾಷೆ ಹೇಳಿದೆ. ಒಳಗೆ ಹೋಗಿ ಕಂಬಕ್ಕೊರಗಿ ಕೂತವನು ಅರ್ಧ ಗಂಟೆ ಬಾಯಿ ತೆರೆಯಲಿಲ್ಲ. ನಿನ್ನ ಭುಜ ಇಳಿದಿತ್ತು. ಕಣ್ಣಲ್ಲಿ ನೀರಿತ್ತು, ಒರೆಸಿಕೊಳ್ಳಲಿಲ್ಲ. ಬಂದ ದಿನದಿಂದ ಅಷ್ಟು ಹೊತ್ತು ನೀನು ಯಾರನ್ನೂ ನಗಿಸದೆ ಕೂತದ್ದು ಅದೇ ಮೊದಲು. ನಂಬುತ್ತೀಯೋ ಇಲ್ಲವೋ ನಾನು ಕೇಳುವುದಿಲ್ಲ. ದಿನಕ್ಕೆ ಒಂದು ಸಲ ಹಾಗೆ ಕೂತುಕೋ ಎಂದಷ್ಟೇ ಕೇಳುತ್ತೇನೆ. ಅಲ್ಲಿ ಕೂತಿರುವವನಿಗೆ ನೀನು ಜೋಕು ಹೇಳಬೇಕಾಗಿಲ್ಲ.

ಕೆಲಸದ ವಿಷಯ ಬೇಗ ಹೇಳಿ ಮುಗಿಸುತ್ತೇನೆ. ಪ್ರತಿ ಸುತ್ತಿನಲ್ಲೂ ಐದು ದಿನ ಸ್ಟೀರಾಯ್ಡ್ ಮಾತ್ರೆ ಕೊಡುತ್ತಿದ್ದರಲ್ಲ, ಆ ದಿನಗಳಲ್ಲಿ ನಿದ್ದೆ ಬಾರದೆ ರಾತ್ರಿಯಿಡೀ ಎಪಿಸೋಡು ಬರೆದೆ ಎಂದು ಹೆಮ್ಮೆಯಿಂದ ಹೇಳಿದೆ. ಅದು ಮಾತ್ರೆಯ ಹುರುಪು, ನಿನ್ನ ಶಕ್ತಿಯೆಂದು ಎಣಿಸಬೇಡ. ಈಗ ಮರೆವು, ಮಂಕು ಬರುತ್ತದೆ, ಹೋಗುತ್ತದೆ. ವಾರಕ್ಕೊಂದು ಪುಟ ಬರೆ. ಅಹ್ಮದಾಬಾದಿನ ತಾರಕ್ ಮೆಹತಾ 1971ರಲ್ಲಿ ‘ಚಿತ್ರಲೇಖಾ’ ವಾರಪತ್ರಿಕೆಯಲ್ಲಿ ಅಂಕಣ ಶುರುಮಾಡಿದರು, ಅದರಿಂದಲೇ 2008ರಲ್ಲಿ ಟಿವಿ ಧಾರಾವಾಹಿ ಬಂತು. ನಡುವೆ ಮೂವತ್ತೇಳು ವರ್ಷ. ನಗೆ ಬರೆಯುವುದು ಅಷ್ಟು ಉದ್ದದ ಕೆಲಸ, ಒಂದು ಸೀಸನ್ ಬಿಟ್ಟರೆ ಕೆಡುವುದಿಲ್ಲ. 2017ರಲ್ಲಿ ಅವರು ತೀರಿಕೊಂಡಾಗ ಮನೆಯವರು ಅವರ ಇಚ್ಛೆಯಂತೆ ದೇಹದಾನ ಮಾಡಿದರು. ಲೋಕವನ್ನೆಲ್ಲ ನಗಿಸಿದವರು ಸಾವಿನ ಮಾತನ್ನು ಮನೆಯವರೊಡನೆ ಆಡಿಟ್ಟಿದ್ದರು. ನಮ್ಮ ‘ಕೊರವಂಜಿ’ಯ ರಾಶಿಯವರು ವೈದ್ಯರೂ ಆಗಿದ್ದರು. ರೋಗಿಗಳನ್ನು ನೋಡುತ್ತಲೇ 1942ರಿಂದ 1967ರವರೆಗೆ ನಗೆಪತ್ರಿಕೆ ನಡೆಸಿದರು. ನೋವಿನ ಪಕ್ಕದಲ್ಲೇ ಕೂತು ನಗೆ ಬರೆಯಬಹುದೆನ್ನುವುದಕ್ಕೆ ಅವರಿಗಿಂತ ಸಾಕ್ಷಿ ಬೇಡ.

ನಗುವೇ ಔಷಧಿ ಎಂದು ನಿನಗೆ ದಿನಕ್ಕೆ ಹತ್ತು ಮೆಸೇಜು ಬರುತ್ತವೆ. ಅಮೆರಿಕದ ನಾರ್ಮನ್ ಕಸಿನ್ಸ್ ಎಂಬ ಸಂಪಾದಕ 1979ರ ತನ್ನ ಪುಸ್ತಕದಲ್ಲಿ, ಹತ್ತು ನಿಮಿಷ ಹೊಟ್ಟೆತುಂಬ ನಕ್ಕರೆ ಎರಡು ತಾಸು ನೋವಿಲ್ಲದ ನಿದ್ದೆ ಬರುತ್ತಿತ್ತು ಎಂದು ಬರೆದ. ಅವನ ಕಾಯಿಲೆ ಬೇರೆ, ನಿನ್ನದು ಬೇರೆ. ನೋವು ಮರೆಸುವಷ್ಟನ್ನು ನಗು ಮಾಡಲಿ. ದುಗ್ಧಗ್ರಂಥಿಯ ಗಂಟು ಕರಗಿಸಿದ್ದು ಕೀಮೋ. ಮೂರು ತಿಂಗಳಿಗೊಮ್ಮೆ ತೋರಿಸಲು ಹೇಳಿದ್ದಾರೆ, ತಪ್ಪಿಸಬೇಡ.

ನಿನ್ನ ಮದುವೆಯ ಉಂಗುರಕ್ಕೆ ದಾರ ಸುತ್ತಿಕೊಂಡಿದ್ದೀ, ಬೆರಳು ಸೊರಗಿ ಜಾರುತ್ತದೆ ಎಂದು. ಅದನ್ನು ನೋಡಿದಾಗ ನನಗೆ ಮೇಘದೂತದ ಯಕ್ಷ ನೆನಪಾದ. ಒಂದು ವರ್ಷದ ಶಾಪ ಹೊತ್ತು ಮನೆಯಿಂದ ದೂರವಿದ್ದವನ ಕೈ ಸೊರಗಿ ಬಂಗಾರದ ಕಡಗ ಜಾರಿತ್ತು. ಅವನು ತಲುಪಬೇಕಾಗಿದ್ದ ಊರು ಅಲಕೆ, ನಮ್ಮ ಬಡಾವಣೆಗೆ ಅದರದೇ ಹೆಸರು. ಅವನು ಮೋಡದ ಕೈಲಿ ಹೆಂಡತಿಗೆ ಕಳಿಸಿದ್ದು ತನ್ನ ಸಂಕಟದ ಸುದ್ದಿಯನ್ನೇ. ನಿನ್ನ ಹೆಂಡತಿ ಪಕ್ಕದ ಕೋಣೆಯಲ್ಲಿದ್ದಾಳೆ.

ಜನವರಿ 14ಕ್ಕೆ ಇಲ್ಲಿ ಉತ್ತರಾಯಣ. ನಮ್ಮ ತಾರಸಿಯಲ್ಲಿ ಗಾಳಿಪಟ ಹಾರಿಸಲು ನಿನ್ನ ಮಗಳು ಈಗಲೇ ಬಣ್ಣ ಆರಿಸಿ ಹೋಗಿದ್ದಾಳೆ, ನೇರಳೆ. ರಕ್ತದ ರಿಪೋರ್ಟು ಸರಿಯಿದ್ದು ಡಾಕ್ಟರು ಹೂಂ ಅಂದರೆ ಮೂವರೂ ಬನ್ನಿ. ಅಷ್ಟರಲ್ಲಿ ಬಾಯಿಹುಣ್ಣು ಮಾಯ್ದಿರುತ್ತದೆ, ನೀನು ಆಸೆಪಟ್ಟ ಸೇವ್ ಉಸಳ್ ನಾನೇ ಮಾಡುತ್ತೇನೆ. ಅವಳು ಪಟ ಬಿಡುವಾಗ ಹಿಂದೆ ನಿಂತು ದಾರದ ಫಿರ್ಕಿ ಹಿಡಿಯಲು ಒಬ್ಬರು ಬೇಕು. ನಿಲ್ಲಲು ಆಗದಿದ್ದರೆ ಆಗುವುದಿಲ್ಲ ಎಂದು ಅವಳಿಗೆ ಹೇಳು. ತಾರಸಿಯ ಮೂಲೆಯಲ್ಲಿ ನಿನಗೆ ಕುರ್ಚಿ ಹಾಕಿಸಿರುತ್ತೇನೆ.