ಕಾಲಕ್ಕೆ ಗುಡಿ ಕಟ್ಟುವವರಿಗೆ

ಪ್ರಶ್ನೆ: ನನ್ನ ಕಾದಂಬರಿಯಲ್ಲಿ ಘಟ್ಟದ ಮೇಲಿನ ಒಂದು ಕಲ್ಪಿತ ಸೀಮೆ ಇದೆ. ಅಲ್ಲಿನವರ ಕುಲದೇವರು ‘ಕಾಲರಾಯ’. ನಾಲ್ಕು ಮುಖ, ಕೈಯಲ್ಲಿ ಮರಳು ಗಡಿಯಾರ, ಆದಿ ಅಂತ್ಯ ಇಲ್ಲದವನು. ಸ್ತೋತ್ರವನ್ನೂ ಬರೆದಿಟ್ಟಿದ್ದೇನೆ. ಓದಿದ ಗೆಳತಿಯರು ‘ದೇವರೇನೋ ಚೆನ್ನಾಗಿದ್ದಾನೆ, ಆದರೆ ಯಾರೂ ಅವನಿಗೆ ಕೈಮುಗಿಯುವ ಹಾಗೆ ಕಾಣುವುದಿಲ್ಲ’ ಎಂದರು. ಎಲ್ಲಿ ತಪ್ಪಿದೆ?
– ವಿ.ಎಸ್., ಸಾಗರ

ಉತ್ತರ: ಗೆಳತಿಯರು ಹೇಳಿದ್ದು ಸರಿಯಾಗಿದೆ. ಕಾಲರಾಯ ತೀರಾ ದೊಡ್ಡವನಾಗಿಬಿಟ್ಟಿದ್ದಾನೆ. ಆದಿ ಅಂತ್ಯ ಇಲ್ಲದವನಿಗೆ ಹರಕೆ ಹೊರುವುದಾದರೂ ಹೇಗೆ? ಅಥರ್ವವೇದದ 19ನೇ ಕಾಂಡದಲ್ಲಿ ಕಾಲವನ್ನೇ ಕುರಿತ ಎರಡು ಸೂಕ್ತಗಳಿವೆ. ಪ್ರಜಾಪತಿಗೂ ಕಾಲನೇ ತಂದೆ ಎನ್ನುವಷ್ಟು ಎತ್ತರಕ್ಕೆ ಅವು ಅವನನ್ನು ಏರಿಸುತ್ತವೆ. ಅಷ್ಟೆಲ್ಲ ಆದರೂ ಊರೂರಲ್ಲಿ ಗುಡಿ ಎದ್ದದ್ದು ಅವನಿಗಲ್ಲ, ಶನಿಗೆ. ಶನಿಗೆ ಲೆಕ್ಕವಿದೆ. ಆ ಗ್ರಹ ಒಂದು ಸುತ್ತು ಮುಗಿಸಲು ಸುಮಾರು ಇಪ್ಪತ್ತೊಂಬತ್ತೂವರೆ ವರ್ಷ ಬೇಕು. ಹನ್ನೆರಡು ರಾಶಿಗೆ ಹಂಚಿದರೆ ಒಂದೊಂದರಲ್ಲಿ ಹತ್ತಿರ ಹತ್ತಿರ ಎರಡೂವರೆ ವರ್ಷ. ಜನ್ಮರಾಶಿ, ಅದರ ಹಿಂದಿನದು, ಮುಂದಿನದು ಸೇರಿದರೆ ಏಳೂವರೆ. ‘ಸಾಡೇಸಾತಿ ನಡೀತಿದೆ’ ಎನ್ನುವವನಿಗೆ ಭಯವೂ ಇರುತ್ತದೆ, ಎಂದು ಬಿಡುತ್ತದೆ ಎಂಬ ಎಣಿಕೆಯೂ ಇರುತ್ತದೆ. ಎಳ್ಳೆಣ್ಣೆ ದೀಪ ಹಚ್ಚಿಸುವುದು ಆ ಎಣಿಕೆಯೇ.

ರಾಹುಕಾಲದ್ದು ಇನ್ನೂ ಚಿಕ್ಕ ಅವಧಿ, ಹಗಲಿನ ಎಂಟರಲ್ಲೊಂದು ಪಾಲು. ಶುಕ್ರವಾರ ಬೆಳಿಗ್ಗೆ ಹತ್ತೂವರೆಯಿಂದ ಹನ್ನೆರಡರ ನಡುವೆ ಪೇಟೆಯ ಯಾವುದಾದರೂ ದುರ್ಗೆಯ ಗುಡಿಗೆ ಹೋಗಿ ನೋಡಿ. ನಿಂಬೆಹೋಳಿನ ರಸ ಹಿಂಡಿ, ಸಿಪ್ಪೆಯ ಒಳಮೈ ಹೊರಗೆ ಬರುವಂತೆ ಮಗುಚಿ, ಆ ಬಟ್ಟಲಿಗೆ ಎಣ್ಣೆ ಬತ್ತಿ ಹಾಕಿ ಸಾಲಾಗಿ ಹಚ್ಚಿಡುತ್ತಾರೆ. ಹನ್ನೆರಡಾಗಿಬಿಟ್ಟೀತೆಂಬ ಅವಸರ ಕೈಯಲ್ಲೇ ಕಾಣುತ್ತದೆ. ನಿಮ್ಮ ಕಾದಂಬರಿಯಲ್ಲಿ ಇಲ್ಲದಿರುವುದು ಈ ಅವಸರ.

ಅನಂತಕ್ಕೂ ಒಂದು ತಾರೀಖು ಬೇಕಾಗುತ್ತದೆ. ಅಲೆಕ್ಸಾಂಡ್ರಿಯದಲ್ಲಿ ಅಯಾನ್ ಎಂಬ ದೇವರಿದ್ದ. ಯುಗಯುಗಾಂತರವೇ ಅವನ ರೂಪ. 4ನೇ ಶತಮಾನದ ಕ್ರೈಸ್ತ ಬಿಷಪ್ ಎಪಿಫೇನಿಯಸ್ ಬರೆದಿಟ್ಟಂತೆ, ಜನವರಿ 5ರ ರಾತ್ರಿಯಿಡೀ ಜಾಗರಣೆ ಮಾಡಿ, ಕೋಳಿ ಕೂಗಿದ ಮೇಲೆ ಪಂಜು ಹಿಡಿದು ನೆಲಮಾಳಿಗೆಗೆ ಇಳಿದು ಮರದ ವಿಗ್ರಹವನ್ನು ಮೇಲೆ ತರುತ್ತಿದ್ದರು. ಕೊಳಲು, ತಮಟೆಗಳೊಂದಿಗೆ ಗರ್ಭಗುಡಿಯನ್ನು ಏಳು ಸುತ್ತು ಹಾಕಿಸಿ, ಈ ಗಳಿಗೆಯಲ್ಲಿ ಕನ್ಯೆ ಅಯಾನನನ್ನು ಹಡೆದಳು ಎನ್ನುತ್ತಿದ್ದರು. ಕೊನೆಯೇ ಇಲ್ಲದವನಿಗೂ ಹುಟ್ಟಿದ ರಾತ್ರಿ ಅಂತ ಒಂದನ್ನು ಗೊತ್ತುಮಾಡಿಕೊಂಡರು, ನೋಡಿ.

ಮರಳು ಗಡಿಯಾರವನ್ನು ಮಾತ್ರ ದಯವಿಟ್ಟು ತೆಗೆದುಹಾಕಿ. ಯೂರೋಪಿನ ಚಿತ್ರಗಳಲ್ಲೇ ಅದು ಕಾಣಿಸಿಕೊಳ್ಳುವುದು 14ನೇ ಶತಮಾನದಲ್ಲಿ. ಘಟ್ಟದ ಮೇಲಿನ ದೇವರಿಗೆ ಗಳಿಗೆ ಬಟ್ಟಲು ಇರುವಾಗ ಅದೇಕೆ? ತಳದಲ್ಲಿ ಸಣ್ಣ ತೂತಿರುವ ತಾಮ್ರದ ಬಟ್ಟಲು. ನೀರಿನ ಮೇಲೆ ಬಿಟ್ಟರೆ 24 ನಿಮಿಷಕ್ಕೆ ತುಂಬಿ ಮುಳುಗುತ್ತದೆ. ಮದುವೆ ಮುಹೂರ್ತ ನೋಡುತ್ತಿದ್ದದ್ದು ಅದರಲ್ಲೇ. ಬಟ್ಟಲು ತೇಲುತ್ತಿರುವಾಗ ಆಡಿದ ಮಾತನ್ನು ಹಿಂದೆ ತೆಗೆದುಕೊಳ್ಳುವಂತಿಲ್ಲ ಎಂದು ಕಾಲರಾಯ ಕಟ್ಟು ಮಾಡಲಿ. ಜಗಳ, ಆಣೆ, ಮದುವೆ ಮಾತುಕತೆ ಎಲ್ಲ ತಾವಾಗಿ ಅವನ ಮುಂದೆ ಬಂದು ನಿಲ್ಲುತ್ತವೆ. ಸ್ತೋತ್ರ ಹಾಗೇ ಇರಲಿ. ಪೂಜಾರಿ ಅರ್ಧ ಮರೆತಂತೆ ಹೇಳಿದರೆ ಇನ್ನೂ ನಂಬುವಂತಿರುತ್ತದೆ.

ಪ್ರಶ್ನೆ: ಪ್ರಾಚೀನ ಇರಾನಿನಲ್ಲಿ ಜುರ್ವಾನ್ ಎಂಬ ಕಾಲದೇವನ ಮತವೇ ಇತ್ತಂತೆ. ನಿಜವೇ, ಅಥವಾ ಪಂಡಿತರ ಸೃಷ್ಟಿಯೇ?
– ಕೆ. ಎಂ., ಧಾರವಾಡ

ಉತ್ತರ: ಹೆಸರು ನಿಜ. ಜರತುಷ್ಟ್ರ ಮತದ ಧರ್ಮಗ್ರಂಥ ಅವೆಸ್ತಾದಲ್ಲೇ ಇದೆ. ಕಥೆಯೂ ಹಳೆಯದು. ಮಗ ಬೇಕೆಂದು ಜುರ್ವಾನ್ ಸಾವಿರ ವರ್ಷ ಯಜ್ಞ ಮಾಡಿದ. ಕೊನೆಗೆ, ಇದರಿಂದ ಏನಾದರೂ ಆದೀತೇ ಎಂದು ಒಮ್ಮೆ ಅನುಮಾನಪಟ್ಟ. ಯಜ್ಞದಿಂದ ಒಹ್ರ್‌ಮಜ್ದ್, ಅನುಮಾನದಿಂದ ಅಹ್ರಿಮನ್, ಒಳಿತು ಕೆಡುಕುಗಳ ಅವಳಿಗಳು. ಮೊದಲು ಹೊರಬಂದವನಿಗೆ ರಾಜ್ಯ ಎಂದಿದ್ದನಾದ್ದರಿಂದ ಅಹ್ರಿಮನ್ ಗರ್ಭ ಸೀಳಿಕೊಂಡೇ ಬಂದ. ಕೊಟ್ಟ ಮಾತಿಗೆ ಕಟ್ಟುಬಿದ್ದ ತಂದೆ ಅವನಿಗೆ ಒಂಬತ್ತು ಸಾವಿರ ವರ್ಷದ ಆಳ್ವಿಕೆ ಕೊಟ್ಟ.

ಇದನ್ನು ನಮಗೆ ಹೇಳಿದವರು ಯಾರು? 5ನೇ ಶತಮಾನದ ಅರ್ಮೇನಿಯದ ಕ್ರೈಸ್ತ ಲೇಖಕ ಎಜ್ನಿಕ್. ಅದೂ ಖಂಡನೆಗೆಂದು. ಎದುರಾಳಿಯ ಬಾಯಲ್ಲಿ ಬಂದ ಮಾತನ್ನು ಇಡೀ ಒಂದು ಮತದ ಶಾಸ್ತ್ರವೆಂದು ಒಪ್ಪುವುದು ನನಗೆ ಕಷ್ಟ. ಪ್ರತ್ಯೇಕ ಪಂಥವಿತ್ತೆಂದು ಒಂದು ಕಾಲದ ವಿದ್ವಾಂಸರು ದೊಡ್ಡ ಗ್ರಂಥಗಳನ್ನೇ ಬರೆದರು. ಈಗ ಅನೇಕರು ಅದನ್ನು ಜರತುಷ್ಟ್ರ ಮತದೊಳಗಿನ ಒಂದು ವಿಚಾರಧಾರೆ ಎಂದಷ್ಟೇ ನೋಡುತ್ತಾರೆ. ಸೃಷ್ಟಿಕಥೆ ಹೇಳುವ ಪಹ್ಲವಿ ಗ್ರಂಥ ಬುಂದಹಿಶ್ನ್‌ನಲ್ಲಿ ನನಗೆ ಹೆಚ್ಚು ಹಿಡಿಸುವ ಮಾತೊಂದಿದೆ. ಅವಧಿ ಗೊತ್ತುಮಾಡದಿದ್ದರೆ ಅಹ್ರಿಮನ್‌ನ ಕಾಟಕ್ಕೆ ಕೊನೆಯೇ ಇರುವುದಿಲ್ಲವೆಂದು ಒಹ್ರ್‌ಮಜ್ದ್ ಕಾಳಗಕ್ಕೆ ಒಂಬತ್ತು ಸಾವಿರ ವರ್ಷದ ಗಡುವು ಹಾಕುತ್ತಾನೆ. ಅಲ್ಲಿ ಗಡುವೇ ಆಯುಧ.

ಇನ್ನೊಂದು ಮಾತು. ಅದೇ ಮತದವರಾದ ಭಾರತದ ಪಾರ್ಸಿಗಳು ಜುರ್ವಾನನ ವಿಷಯಕ್ಕೆ ಒಡೆದು ಹೋಳಾಗಲಿಲ್ಲ. ಅವರು ಒಡೆದದ್ದು ಪಂಚಾಂಗದ ಮೇಲೆ. ತಮ್ಮದು ಇರಾನಿನ ಪಂಚಾಂಗಕ್ಕಿಂತ ಒಂದು ತಿಂಗಳು ಹಿಂದಿದೆ ಎಂದು ತಿಳಿದ ಮೇಲೆ 1745ರಲ್ಲಿ ಸೂರತ್‌ನ ಕೆಲವರು ಇರಾನಿನದನ್ನೇ ಹಿಡಿದರು. ಕದ್ಮಿ, ಶಾಹೆನ್‌ಶಾಹಿ (ಕ್ರಮವಾಗಿ ಇರಾನಿನದನ್ನು ಹಿಡಿದವರು, ಹಳೆಯದರಲ್ಲೇ ಉಳಿದವರು) ಎಂಬ ಭೇದ ಇಂದಿಗೂ ಇದೆ.

ಪ್ರಶ್ನೆ: ನಿನ್ನೆ ಮೊನ್ನೆ ಹುಟ್ಟಿಸಿದ ದೇವರ ಮೇಲೆ ನಿಜವಾದ ಭಕ್ತಿ ಬರಲು ಸಾಧ್ಯವೇ?
– ನಿವೃತ್ತ ಶಿಕ್ಷಕರು, ತಿಪಟೂರು

ಉತ್ತರ: ಬರುತ್ತದೆ ಸಾರ್, ಬೇಗನೇ ಬರುತ್ತದೆ. 1975ರಲ್ಲಿ ‘ಜೈ ಸಂತೋಷಿ ಮಾ’ ಹಿಂದಿ ಚಿತ್ರ ಬಂದಾಗ ಪ್ರೇಕ್ಷಕರು ಚಪ್ಪಲಿ ಬಿಟ್ಟು ಥಿಯೇಟರಿನೊಳಗೆ ಹೋಗಿ ತೆರೆಗೆ ಆರತಿ ಎತ್ತಿದರು. ಆಕೆಯ ಗುಡಿ, ವ್ರತ ಮೊದಲೇ ಇದ್ದವು. ದೇಶಕ್ಕೆಲ್ಲ ಹಬ್ಬಿಸಿದ್ದು ಸಿನಿಮಾ. ವ್ರತದ ವಿವರ ಗಮನಿಸಿ: ಹದಿನಾರು ಶುಕ್ರವಾರ, ಬೆಲ್ಲ ಮತ್ತು ಹುರಿಗಡಲೆ, ಅಂದು ಹುಳಿ ಮುಟ್ಟುವಂತಿಲ್ಲ. ಖರ್ಚು ಕಡಿಮೆ, ಪುರೋಹಿತರ ಹಂಗಿಲ್ಲ, ಮುಗಿಯುವ ದಿನ ಮೊದಲೇ ಗೊತ್ತು. ದೇವರ ವಯಸ್ಸು ಕೇಳುವವರು ನಾವು, ಪಂಡಿತರು. ವ್ರತ ಹಿಡಿದಾಕೆ ಕೇಳುವುದು ಇನ್ನೆಷ್ಟು ವಾರ ಉಳಿಯಿತು ಅಂತ.

ಪ್ರಶ್ನೆ: ಗ್ರೀಕರಲ್ಲಿ ಕಾಲದೇವರಿಗೆ ಪೂಜೆ ಇತ್ತೇ?
– ಆರ್. ಪಿ., ಮಂಗಳೂರು

ಉತ್ತರ: ‘ತಕ್ಕ ಸಮಯ’ಕ್ಕೆ ಇತ್ತು. ಕೈರೋಸ್ ಅವನ ಹೆಸರು. ಒಲಿಂಪಿಯಾದಲ್ಲಿ ಕ್ರೀಡಾಂಗಣಕ್ಕೆ ಹೋಗುವ ದಾರಿಯ ಬಳಿಯೇ ಅವನ ಬಲಿಪೀಠವಿತ್ತೆಂದು ಪ್ರವಾಸಿ ಪೌಸಾನಿಯಸ್ ಬರೆದಿದ್ದಾನೆ. ಶಿಲ್ಪಿ ಲಿಸಿಪ್ಪಸ್ ಅವನನ್ನು ತುದಿಗಾಲಲ್ಲಿ ನಿಲ್ಲಿಸಿ, ಹಣೆಯ ಮೇಲೆ ಮಾತ್ರ ಕೂದಲಿಟ್ಟು, ಹಿಂದಲೆ ಬೋಳು ಮಾಡಿದ್ದ. ಓಟಗಾರರಿಗೆ ಬೇಕಾಗಿದ್ದದ್ದು ಇವನೇ. ರೆಕ್ಕೆ, ಕುಡುಗೋಲು, ಮರಳು ಗಡಿಯಾರ ಹೊತ್ತ ಗಡ್ಡದ ಮುದುಕ ಬಹಳ ಈಚಿನ ಯೂರೋಪಿನವನು. ಅವನಿಗೆ ಯಾರೂ ಪೂಜೆ ಮಾಡಿದ್ದಿಲ್ಲ.