ಕಾಡಿನಲ್ಲಿ ದಾರಿ ತಪ್ಪಿದರೆ ಮಗು ಏನು ಮಾಡಬೇಕು?

ಪ್ರಶ್ನೆ: ನಾವು ಧಾರವಾಡದ ಕಡೆಯವರು, ಈಗ ಅಬಿಡ್ಸ್‌ನಲ್ಲಿದ್ದೇವೆ. ಒಂಬತ್ತು ವರ್ಷದ ಮಗ ಒಬ್ಬನೇ ಫ್ಲ್ಯಾಟ್ ಬಿಟ್ಟು ಕೆಳಗಿಳಿದವನಲ್ಲ. ಮುಂದಿನ ತಿಂಗಳು ಶ್ರೀಶೈಲಕ್ಕೆ ಹೊರಟಿದ್ದೇವೆ. ದಾರಿಯಲ್ಲಿ ನಲ್ಲಮಲ ಕಾಡಿನ ಮಲ್ಲೆಲ ತೀರ್ಥ ಜಲಪಾತವನ್ನೂ ನೋಡುವ ಯೋಚನೆಯಿದೆ. ಅಲ್ಲಿ ಇವನು ನಮ್ಮ ಕೈತಪ್ಪಿದರೆ ಏನು ಮಾಡಬೇಕೆಂದು ಹೇಳಿಕೊಡಲೇ? ಹೇಳಿದರೆ ಹೆದರುತ್ತಾನೇನೋ ಎಂಬ ಅಳುಕು.
– ಹೆಸರು ಬೇಡ, ಅಬಿಡ್ಸ್, ಹೈದರಾಬಾದ್

ಉತ್ತರ: ಖಂಡಿತ ಹೇಳಿಕೊಡಿ. ಏನು ಮಾಡಬೇಕೆಂದು ಗೊತ್ತಿರುವ ಮಗುವಿಗೆ ಹೆದರಿಕೆ ಕಡಿಮೆ.

ದಾರಿ ತಪ್ಪಿತು ಅನ್ನಿಸಿದ ಕೂಡಲೇ ನಿಲ್ಲಬೇಕು, ಇದು ಮೊದಲ ಪಾಠ. ಗಾಬರಿಯಾದ ಮಗು ನಡೆದಷ್ಟೂ ಹುಡುಕಬೇಕಾದ ಜಾಗ ಹಿಗ್ಗುತ್ತದೆ. 1981ರಲ್ಲಿ ಕ್ಯಾಲಿಫೋರ್ನಿಯಾದ ಬೆಟ್ಟವೊಂದರಲ್ಲಿ ನಿಮ್ಮ ಮಗನ ವಯಸ್ಸಿನ ಹುಡುಗ ಕಳೆದುಹೋಗಿ ಸತ್ತ. ಆ ಬಳಿಕ ಅಲ್ಲಿ ಮಕ್ಕಳಿಗಾಗಿ 'ಹಗ್ ಎ ಟ್ರೀ' ಎಂಬ ತರಬೇತಿ ಶುರುವಾಯಿತು: ಒಂದು ಮರ ಹಿಡಿದುಕೊಂಡು ಅಲ್ಲೇ ಇರು.

ಮಗನ ಕೊರಳಿಗೆ ಸೀಟಿ ಕಟ್ಟಿ, ಕಣ್ಣಿಗೆ ಹೊಡೆಯುವ ಬಣ್ಣದ ಅಂಗಿ ಹಾಕಿ, ಚೀಲದಲ್ಲಿ ನೀರು ಇಡಿ. ಮೂರು ಸಲ ಊದಿ, ಸುಮ್ಮನಾಗಿ ಕಿವಿಗೊಟ್ಟು, ಮತ್ತೆ ಊದುವುದನ್ನು ಮನೆಯಲ್ಲೇ ಕಲಿಸಿ. ಜಲಪಾತದ ಸದ್ದಿನಲ್ಲಿ ಕೂಗು ಕೇಳಿಸುವುದಿಲ್ಲ, ಅದನ್ನೂ ಹೇಳಿ. ಗುರುತಿಲ್ಲದ ಹಣ್ಣು ತಿನ್ನಬಾರದು. ಸಿಕ್ಕ ಮೇಲೆ ಬೈಯುವುದಿಲ್ಲವೆಂದು ಈಗಲೇ ಮಾತು ಕೊಡಿ; ಬೈಗುಳಕ್ಕೆ ಹೆದರಿ, ಹುಡುಕಲು ಬಂದವರಿಂದಲೇ ಅಡಗುವ ಮಕ್ಕಳಿದ್ದಾರೆ.

2023ರ ಮೇ 1ರಂದು ಕೊಲಂಬಿಯಾದ ಅಮೆಜಾನ್ ಕಾಡಿನಲ್ಲಿ ವಿಮಾನ ಬಿದ್ದು, ತಾಯಿಯನ್ನು ಕಳೆದುಕೊಂಡ ನಾಲ್ವರು ಮಕ್ಕಳು 40 ದಿನ ಬದುಕಿ ಉಳಿದರು. ಹಿರಿಯವಳಿಗೆ 13 ವರ್ಷ, ಕಿರಿಯದು ಹಸುಗೂಸು. ವಿಮಾನದಲ್ಲಿದ್ದ ಮರಗೆಣಸಿನ ಹಿಟ್ಟು, ಗುರುತಿದ್ದ ಹಣ್ಣು, ಬೀಜ ಅವರನ್ನು ಕಾಪಾಡಿದವು. ಆ ತಿಳಿವಳಿಕೆ ಮನೆಯ ಹಿರಿಯರೊಂದಿಗೆ ಕಾಡಿನಲ್ಲಿ ಓಡಾಡಿ ಬಂದದ್ದು.

ನಿಮ್ಮ ಮಗ ಓಡಾಡಬೇಕಾದದ್ದು ಅಬಿಡ್ಸ್‌ನಲ್ಲೇ. ಭಾನುವಾರ ಫುಟ್‌ಪಾತ್ ಮೇಲೆ ಹಳೇ ಪುಸ್ತಕ ಹರಡಿರುತ್ತಾರಲ್ಲ, ಅಲ್ಲಿಗೆ ಕರೆದೊಯ್ಯಿರಿ. ಕೈಗೆ ದುಡ್ಡು ಕೊಟ್ಟು ತಾನೇ ಚೌಕಾಸಿ ಮಾಡಿ ಪುಸ್ತಕ ಕೊಳ್ಳಲಿ; ನೀವು ಹತ್ತು ಹೆಜ್ಜೆ ಹಿಂದಿರಿ. ತಪ್ಪಿಸಿಕೊಂಡರೆ ನಿಂತಲ್ಲೇ ನಿಂತು ನಿಮ್ಮ ಹೆಸರು ಹಿಡಿದು ಕೂಗಲಿ. ಆ ಗದ್ದಲದಲ್ಲಿ 'ಅಮ್ಮಾ' ಎಂದರೆ ಯಾರು ತಿರುಗಿ ನೋಡುತ್ತಾರೆ? ನೀವು ಕಾಣದಿದ್ದರೆ ಪಕ್ಕದ ಅಂಗಡಿಯವರಿಗೆ ತೆಲುಗಿನಲ್ಲಿ 'ನೇನು ತಪ್ಪಿಪೋಯಾನು' (ನಾನು ತಪ್ಪಿಸಿಕೊಂಡಿದ್ದೇನೆ) ಎಂದು ಹೇಳಿ, ಬಾಯಿಪಾಠ ಮಾಡಿದ ನಿಮ್ಮ ನಂಬರ್ ಒಪ್ಪಿಸಲಿ. ಸಹಾಯ ಕೇಳಲು ಬರುವುದೂ ಸ್ವಾವಲಂಬನೆಯೇ.

ಇನ್ನು ನಿಮ್ಮ ಪಾಲಿನ ಕೆಲಸ: ಹೊರಡುವ ಬೆಳಿಗ್ಗೆ ಮಗನ ಫೋಟೊ ತೆಗೆದಿಟ್ಟುಕೊಳ್ಳಿ. ಅವನು ಕಾಣದಿದ್ದರೆ ತಡಮಾಡದೆ ಅರಣ್ಯ ಸಿಬ್ಬಂದಿಗೆ ತಿಳಿಸಿ, 112ಕ್ಕೆ ಕರೆ ಮಾಡಿ. ಈ ಭಾನುವಾರವೇ ಅಭ್ಯಾಸ ಶುರುಮಾಡಿ.